ಹಲವು ಕೈಗಳ ತಪ್ಪು

1984ರ ಡಿಸೆಂಬರ್ 2ರ ರಾತ್ರಿ ಭೋಪಾಲದ ಯೂನಿಯನ್ ಕಾರ್ಬೈಡ್ ಕಾರ್ಖಾನೆಯಲ್ಲಿ 610ನೇ ನಂಬರಿನ ಟ್ಯಾಂಕಿಗೆ ನೀರು ಹೊಕ್ಕಿತು. ಒಳಗಿದ್ದದ್ದು ಸೆವಿನ್ ಎಂಬ ಕೀಟನಾಶಕದ ತಯಾರಿಕೆಗೆ ಬೇಕಾದ ಮೀಥೈಲ್ ಐಸೊಸಯನೇಟ್, ಸುಮಾರು 40 ಟನ್. ನೀರು ಸೇರಿದರೆ ಈ ದ್ರವ ತಾನೇ ಕಾದು ಕುದಿಯುತ್ತದೆ. ನಡುರಾತ್ರಿ ದಾಟುವ ಹೊತ್ತಿಗೆ ಒತ್ತಡ ತಾಳದೆ ವಾಲ್ವ್ ತೆರೆದುಕೊಂಡಿತು. ಮಲಗಿದ್ದ ಊರಿನ ಮೇಲೆ ವಿಷಾನಿಲ ಹರಡಿತು. ಸರ್ಕಾರ ಕೊಟ್ಟ ಮೊದಲ ಲೆಕ್ಕದಲ್ಲಿ ಸತ್ತವರು 2,259. ಆಮೇಲೆ ಅದೇ ಲೆಕ್ಕ 3,787ಕ್ಕೆ ಏರಿತು. ಸಂತ್ರಸ್ತರ ಸಂಘಟನೆಗಳು ಹೇಳುವ ಸಂಖ್ಯೆ ಇದರ ಹಲವು ಪಟ್ಟು.

ಟ್ಯಾಂಕಿಗೆ ಕಾವಲೇ ಇರಲಿಲ್ಲವೆ? ಇತ್ತು. ದ್ರವವನ್ನು ತಣ್ಣಗಿಡುವ ಯಂತ್ರವಿತ್ತು. ಅದೇ ವರ್ಷದ ಜೂನ್‌ನಲ್ಲಿ ಅದನ್ನು ನಿಲ್ಲಿಸಿದ್ದರು. ಸೋರಿದ ಅನಿಲವನ್ನು ಸುಟ್ಟುಹಾಕುವ ಗೋಪುರವಿತ್ತು. ಅದರ ಕೊಳವೆ ತುಕ್ಕು ಹಿಡಿದು ರಿಪೇರಿಗೆ ಬಿಚ್ಚಿಟ್ಟಿದ್ದರು. ಅನಿಲವನ್ನು ತೊಳೆದು ನಿರ್ವಿಷಗೊಳಿಸುವ ಸ್ಕ್ರಬ್ಬರ್ ಆ ಪ್ರಮಾಣಕ್ಕೆ ಸಾಲುವಂತಿರಲಿಲ್ಲ. ಖರ್ಚು ಉಳಿಸಲು ಪ್ರತಿ ಪಾಳಿಯಲ್ಲಿ ಆ ಘಟಕದ ಕೆಲಸಗಾರರನ್ನು 12ರಿಂದ 6ಕ್ಕೆ ಇಳಿಸಿದ್ದೂ ಇತ್ತು.

ಹಾಗಾದರೆ ತಪ್ಪು ಯಾರದು? ಆ ಸಂಜೆ ಕೊಳವೆ ತೊಳೆಯಲು ನೀರು ಬಿಟ್ಟ ಕೆಲಸಗಾರನದೆ, ತೊಳೆಯಲು ಹೇಳಿದ ಮೇಲ್ವಿಚಾರಕನದೆ, ಯಂತ್ರ ನಿಲ್ಲಿಸಿದ ಮ್ಯಾನೇಜರನದೆ, ಶೇಕಡ 50.9ರಷ್ಟು ಷೇರು ಇಟ್ಟುಕೊಂಡಿದ್ದ ಅಮೆರಿಕದ ಮಾತೃಸಂಸ್ಥೆಯದೆ, ಕಾರ್ಖಾನೆಯ ಮಗ್ಗುಲಿನ ಗುಡಿಸಲುಗಳಿಗೆ ಪಟ್ಟಾ ಹಂಚಿದ ರಾಜ್ಯ ಸರ್ಕಾರದ್ದೆ? ಕಂಪನಿಯ ವಾದ ಬೇರೆಯೇ ಇತ್ತು. ಅತೃಪ್ತ ನೌಕರನೊಬ್ಬ ಬೇಕೆಂದೇ ನೀರು ಸೇರಿಸಿದ ಎಂದು ಅದು ಹೇಳುತ್ತ ಬಂತು. ಇದು ನಿಜವೆಂದೇ ಒಪ್ಪಿದರೂ, ನಿಂತಿದ್ದ ಯಂತ್ರ ಮತ್ತು ಬಿಚ್ಚಿಟ್ಟ ಕೊಳವೆಯ ಪ್ರಶ್ನೆ ಹಾಗೇ ಉಳಿಯುತ್ತದೆ.

ಒಬ್ಬನನ್ನು ಹೊಣೆಗಾರ ಎನ್ನಬೇಕಾದರೆ ಏನಿರಬೇಕು ಎಂದು ಕ್ರಮವಾಗಿ ಯೋಚಿಸಿದವರಲ್ಲಿ ಗ್ರೀಸಿನ ಅರಿಸ್ಟಾಟಲ್ ಮೊದಲಿಗರ ಸಾಲಿನವನು. ಕೆಲಸ ಆ ವ್ಯಕ್ತಿಯ ಕೈಯಿಂದಲೇ ಆಗಿರಬೇಕು, ಹೊರಗಿನ ಬಲವಂತದಿಂದಲ್ಲ. ಮಾಡುತ್ತಿರುವುದೇನೆಂದು ಅವನಿಗೆ ಗೊತ್ತಿರಬೇಕು. ಈ ಎರಡನ್ನು ಹೇಳಿದವನೇ ಒಂದು ಕೊಕ್ಕೆಯನ್ನೂ ಇಟ್ಟ: ತಿಳಿಯದೆ ಮಾಡಿದೆ ಎಂಬ ನೆಪ, ತಿಳಿದುಕೊಳ್ಳುವುದು ತನ್ನ ಕೈಯಲ್ಲೇ ಇದ್ದವನಿಗೆ ಸಲ್ಲದು. ಕುಡಿದು ತಪ್ಪು ಮಾಡಿದವನಿಗೆ ಇಮ್ಮಡಿ ದಂಡ ಹಾಕುವ ಪದ್ಧತಿಯನ್ನು ಅವನು ಇದಕ್ಕೇ ನೆನೆಯುತ್ತಾನೆ. ಕುಡಿಯದಿರುವುದು ಕುಡಿದವನ ಕೈಯಲ್ಲೇ ಇತ್ತಲ್ಲ!

ಈ ಕೊಕ್ಕೆಗೆ ಭೋಪಾಲ ಸರಿಯಾಗಿ ಸಿಕ್ಕುತ್ತದೆ. 1981ರ ಡಿಸೆಂಬರಿನಲ್ಲಿ ಅದೇ ಕಾರ್ಖಾನೆಯಲ್ಲಿ ಫಾಸ್ಜೀನ್ ಎಂಬ ವಿಷಾನಿಲ ಸೋರಿ ಕೆಲಸಗಾರನೊಬ್ಬ ಸತ್ತಿದ್ದ. 1982ರ ಮೇ ತಿಂಗಳಲ್ಲಿ ಅಮೆರಿಕದಿಂದ ಬಂದ ಕಂಪನಿಯದೇ ತಜ್ಞರು ಲೋಪಗಳನ್ನು ಬರೆದುಕೊಟ್ಟು ಹೋಗಿದ್ದರು. ಸ್ಥಳೀಯ ಪತ್ರಕರ್ತ ರಾಜ್‌ಕುಮಾರ್ ಕೇಸ್ವಾನಿ ಅದೇ ವರ್ಷದಿಂದ ತಮ್ಮ ಪುಟ್ಟ ವಾರಪತ್ರಿಕೆಯಲ್ಲಿ ಊರಿಗೆ ಕಾದಿರುವ ಅಪಾಯದ ಬಗ್ಗೆ ಮತ್ತೆ ಮತ್ತೆ ಬರೆದಿದ್ದರು. ಗೊತ್ತಿರಲಿಲ್ಲ ಎನ್ನುವುದಕ್ಕೆ ಎಡೆಯೇ ಉಳಿದಿರಲಿಲ್ಲ.

ಆದರೆ ಪ್ರತಿಯೊಬ್ಬನಿಗೂ ಗೊತ್ತಿದ್ದದ್ದು ಸ್ವಲ್ಪ, ಮಾಡಿದ್ದೂ ಸ್ವಲ್ಪ. ತೊಡಕು ಇರುವುದು ಇಲ್ಲೇ. ಅಮೆರಿಕದ ರಾಜಕೀಯ ಚಿಂತಕ ಡೆನಿಸ್ ಥಾಂಪ್ಸನ್ 1980ರ ಲೇಖನವೊಂದರಲ್ಲಿ ಇದನ್ನು ಹಲವು ಕೈಗಳ ಸಮಸ್ಯೆ ಎಂದು ಕರೆದರು. ದೊಡ್ಡ ಸಂಸ್ಥೆಯ ತೀರ್ಮಾನದಲ್ಲಿ ಅನೇಕರ ಕೈ ಇರುವಾಗ, ಬೆರಳು ತೋರಿಸಲು ಒಬ್ಬನೂ ಸಿಗುವುದಿಲ್ಲ. ಹಾಗಿದ್ದರೆ ಹೊಣೆಯೆಂಬುದು ನೀರು ಬೆರೆಸಿದ ಮಜ್ಜಿಗೆಯೆ, ಕೈಗಳು ಹೆಚ್ಚಿದಷ್ಟೂ ತೆಳ್ಳಗಾಗುತ್ತ ಹೋಗಲು?

ಇಲ್ಲ ಎಂದವರು ಆಕ್ಸ್‌ಫರ್ಡಿನ ತತ್ವಜ್ಞಾನಿ ಡೆರೆಕ್ ಪಾರ್ಫಿಟ್. ಅವರ ‘ರೀಸನ್ಸ್ ಅಂಡ್ ಪರ್ಸನ್ಸ್’ ಪುಸ್ತಕ ಹೊರಬಂದದ್ದೂ 1984ರಲ್ಲೇ, ಭೋಪಾಲಕ್ಕೂ ಅದಕ್ಕೂ ಏನೇನೂ ಸಂಬಂಧವಿಲ್ಲದೆ. ಅದರಲ್ಲಿ ಸಾವಿರ ಮಂದಿ ಚಿತ್ರಹಿಂಸಕರ ಒಂದು ಕಲ್ಪನೆಯಿದೆ. ಒಬ್ಬೊಬ್ಬನೂ ಒಂದು ಗುಂಡಿ ಒತ್ತುತ್ತಾನೆ. ಒಂದು ಒತ್ತಿನಿಂದ ಸಾವಿರ ಕೈದಿಗಳಲ್ಲಿ ಪ್ರತಿಯೊಬ್ಬನ ನೋವೂ ಕೂದಲೆಳೆಯಷ್ಟು ಏರುತ್ತದೆ, ಅವನ ಅರಿವಿಗೂ ಬಾರದಷ್ಟು. ಸಾವಿರವೂ ಸೇರಿದಾಗ ಅದು ಸಹಿಸಲಾಗದ ಯಾತನೆ. ‘ನನ್ನ ಗುಂಡಿಯಿಂದ ಯಾರಿಗೂ ನೋವಾಗಲಿಲ್ಲ’ ಎಂಬ ಸಮಾಧಾನ ಲೆಕ್ಕ ತಪ್ಪಿದವರದು ಎಂಬುದು ಪಾರ್ಫಿಟ್ ವಾದ. ಆದ ಕೇಡನ್ನು ತಲೆಗಳ ಸಂಖ್ಯೆಯಿಂದ ಭಾಗಿಸಿ ಪಾಲು ಹಂಚುವುದನ್ನೂ ಅವರು ಒಪ್ಪುವುದಿಲ್ಲ. ಕೇಡು ಮಾಡುತ್ತಿರುವ ಕೂಟದಲ್ಲಿ ತಾನೂ ಒಬ್ಬ ಎಂದು ತಿಳಿದೂ ಕೈ ಜೋಡಿಸಿದ್ದೇ ತಪ್ಪು.

ಹಾಗೆಂದು ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಲಾಗದು. ನೀರು ಬಿಟ್ಟ ಕೆಲಸಗಾರನಿಗೆ ಯಂತ್ರ ನಿಲ್ಲಿಸುವ ಅಧಿಕಾರವೂ ಇರಲಿಲ್ಲ, ಮತ್ತೆ ಚಾಲೂ ಮಾಡುವ ಅಧಿಕಾರವೂ ಇರಲಿಲ್ಲ. ಆದರೂ ಅವನ ಮನಸ್ಸು ಹಗುರಾಗಿರಲು ಸಾಧ್ಯವೆ? ಬ್ರಿಟಿಷ್ ತತ್ವಜ್ಞಾನಿ ಬರ್ನಾರ್ಡ್ ವಿಲಿಯಮ್ಸ್ 1976ರಲ್ಲಿ ಒಬ್ಬ ಲಾರಿ ಡ್ರೈವರನ ಉದಾಹರಣೆ ಕೊಟ್ಟರು. ಅವನ ತಪ್ಪು ಎಳ್ಳಷ್ಟೂ ಇಲ್ಲದೆ ಮಗುವೊಂದು ಲಾರಿಗೆ ಸಿಕ್ಕಿತು. ನೋಡಿದವರೆಲ್ಲ ಮರುಗುತ್ತಾರೆ, ಡ್ರೈವರನ ಸಂಕಟ ಮಾತ್ರ ಬೇರೆ ಜಾತಿಯದು. ‘ನಿನ್ನದೇನೂ ತಪ್ಪಿಲ್ಲಪ್ಪ’ ಎಂದೊಡನೆ ಅವನು ಹಗುರಾಗಿ ಎದ್ದು ಹೋದರೆ ನಮಗೇ ಏನೋ ಸರಿಯಿಲ್ಲ ಅನ್ನಿಸುತ್ತದೆ. ತಪ್ಪಿಲ್ಲದ ಕಡೆಯೂ ಒಂದು ಬಗೆಯ ಹೊಣೆ ಇರಬಹುದು.

ಅಂಥ ಹೊಣೆಯನ್ನು ಹೊತ್ತವರೂ ಇದ್ದಾರೆ. 1956ರ ನವೆಂಬರಿನಲ್ಲಿ ಈಗಿನ ತಮಿಳುನಾಡಿನ ಅರಿಯಲೂರಿನ ಬಳಿ ನೆರೆಗೆ ಹಳಿ ಕೊಚ್ಚಿಹೋಗಿ ರೈಲು ಉರುಳಿತು. ನೂರಕ್ಕೂ ಹೆಚ್ಚು ಜನ ಸತ್ತರು. ರೈಲ್ವೆ ಮಂತ್ರಿ ಲಾಲ್ ಬಹಾದೂರ್ ಶಾಸ್ತ್ರಿ ನೈತಿಕ ಹೊಣೆ ಹೊತ್ತು ರಾಜೀನಾಮೆ ಕೊಟ್ಟರು. ಆ ಹಳಿಯನ್ನು ಪರೀಕ್ಷಿಸುವುದು ಅವರ ಕೆಲಸವಾಗಿರಲಿಲ್ಲ. ಆದರೂ ಇಲಾಖೆಯ ಮೇಲೆ ಕೂತವನಿಗೆ ಅದರ ಭಾರವೂ ಸೇರಿದ್ದೆಂದು ಅವರು ಬಗೆದರು, ಅದಕ್ಕೆ ಕುರ್ಚಿಯನ್ನು ತೆತ್ತರು.

ಭೋಪಾಲದ ಬೆನ್ನಲ್ಲೇ ಯೂನಿಯನ್ ಕಾರ್ಬೈಡ್ ಕೂಡ ತನ್ನದು ನೈತಿಕ ಹೊಣೆ ಎಂದು ಒಪ್ಪಿತು. ಕಾನೂನಿನ ಹೊಣೆಯನ್ನು ಮಾತ್ರ ಕೊನೆವರೆಗೂ ಒಪ್ಪಲಿಲ್ಲ. ಶಾಸ್ತ್ರಿಯವರ ಬಾಯಲ್ಲಿ ಕಾನೂನು ಕೇಳಿದ್ದಕ್ಕಿಂತ ಹೆಚ್ಚು ಕೊಡುವ ಮಾತಾಗಿದ್ದದ್ದು, ಇಲ್ಲಿ ಅದಕ್ಕಿಂತ ಕಡಿಮೆ ಕೊಡುವ ದಾರಿಯಾಯಿತು. 1989ರ ಫೆಬ್ರುವರಿಯಲ್ಲಿ 47 ಕೋಟಿ ಡಾಲರಿಗೆ ರಾಜಿಯಾಯಿತು. 1996ರಲ್ಲಿ ಸುಪ್ರೀಂ ಕೋರ್ಟ್ ಭಾರತದ ಅಧಿಕಾರಿಗಳ ಮೇಲಿನ ಆರೋಪವನ್ನು ಕೊಲೆಯಲ್ಲದ ಮಾನವ ಹತ್ಯೆಯಿಂದ ನಿರ್ಲಕ್ಷ್ಯದ ಸಾವಿಗೆ ಇಳಿಸಿತು. ಅದಕ್ಕೆ ಗರಿಷ್ಠ ಶಿಕ್ಷೆ ಎರಡು ವರ್ಷ. 2010ರ ಜೂನ್ 7ರಂದು ಭಾರತದ ಏಳು ಮಂದಿ ಅಧಿಕಾರಿಗಳಿಗೆ ಆ ಎರಡು ವರ್ಷದ ಸಜೆಯಾಯಿತು, ಅಂದೇ ಜಾಮೀನೂ ಸಿಕ್ಕಿತು. ಕಂಪನಿಯ ಅಧ್ಯಕ್ಷರಾಗಿದ್ದ ವಾರನ್ ಆಂಡರ್ಸನ್ ದುರಂತದ ವಾರದಲ್ಲೇ ಭೋಪಾಲದಲ್ಲಿ ಬಂಧನಕ್ಕೊಳಗಾಗಿ, ಜಾಮೀನು ಪಡೆದು ದೇಶ ಬಿಟ್ಟವರು, ವಿಚಾರಣೆಗೆ ಮರಳಲೇ ಇಲ್ಲ. 2014ರಲ್ಲಿ ಅಮೆರಿಕದಲ್ಲಿ ತೀರಿಕೊಂಡರು.

ಹಳೆಯ ತಪ್ಪಿನ ಕಸ ಗುಡಿಸುವವರು ಯಾರು ಎಂಬ ಪ್ರಶ್ನೆ ಅಷ್ಟಕ್ಕೇ ತೀರಲಿಲ್ಲ. ಹೈಕೋರ್ಟಿನ ಆದೇಶದಂತೆ 2025ರ ಜನವರಿಯಲ್ಲಿ ಕಾರ್ಖಾನೆಯ 337 ಟನ್ ವಿಷತ್ಯಾಜ್ಯವನ್ನು ಕಂಟೇನರುಗಳಲ್ಲಿ ತುಂಬಿ ಸುಡುವುದಕ್ಕೆಂದು ಪೀಥಂಪುರವೆಂಬ ಬೇರೊಂದು ಊರಿಗೆ ಸಾಗಿಸಲಾಯಿತು. ಕಾರ್ಬೈಡಿನಿಂದ ಬಿಡಿಗಾಸೂ ಕಾಣದ ಅಲ್ಲಿನ ಜನ ಬೀದಿಗಿಳಿದು ಕೇಳಿದ್ದು ಇಷ್ಟೇ: ಅವರ ವಿಷವನ್ನು ನಮ್ಮ ಊರಿಗೇಕೆ ತರುತ್ತೀರಿ?