ಕ್ಯೋಟೊದ ಕತ್ತಿ ಗರಡಿಯೊಳಗೆ

ಕ್ಯೋಟೊದ ಸಾಂಜೊ ಸೇತುವೆಯ ಕಂಬಗಳ ತುದಿಯಲ್ಲಿ ಕಂಚಿನ ಮೊಗ್ಗುಗಳಿವೆ. ಪಶ್ಚಿಮದ ಕಡೆಯಿಂದ ಬಂದರೆ ಎರಡನೆಯ ಮೊಗ್ಗಿನ ಮೇಲೆ ಒಂದು ಗೀರು ಕಾಣುತ್ತದೆ. 1864ರಲ್ಲಿ ಹತ್ತಿರದ ಛತ್ರವೊಂದರಲ್ಲಿ ನಡೆದ ಕತ್ತಿ ಕಾಳಗದ ಗುರುತು ಅದು ಎಂಬುದು ಊರ ಮಾತು. ಬೆರಳಾಡಿಸಿ ನೋಡಿದೆ. ಕತ್ತಿಯ ಏಟೋ, ಯಾವುದೋ ಗಾಡಿ ಉಜ್ಜಿದ್ದೋ, ಗೀರು ನೋಡಿ ಹೇಳುವಷ್ಟು ನಾನು ಬಲ್ಲವನಲ್ಲ. ಸೇತುವೆ ದಾಟಿ ಓಣಿಗಳ ಒಳಗೆ ಸ್ವಲ್ಪ ದೂರ ನಡೆದರೆ ನಾನು ಹೋಗಬೇಕಿದ್ದ ಮನೆ. ಪ್ರವಾಸಿಗಳಿಗೆ ಸಮುರಾಯ್ ಕತ್ತಿವರಸೆ ಹೇಳಿಕೊಡುವ ಗರಡಿ ಅದು. ಬೋರ್ಡು ಚಿಕ್ಕದು. ಬಾಗಿಲಲ್ಲಿ ನಿಲ್ಲಿಸಿದ್ದ ರಕ್ಷಾಕವಚದ ಗೊಂಬೆ ಮಾತ್ರ ದೊಡ್ಡದು. ಸಿನಿಮಾ ಸೆಟ್ಟಿಗೆ ಬಂದೆನೇನೋ ಎಂಬ ಅನುಮಾನ ಅಲ್ಲೇ ಶುರುವಾಯಿತು.

ಹೊಸ್ತಿಲಲ್ಲೇ ಚಪ್ಪಲಿ ಬಿಡಬೇಕು. ಒಳಗೆ ಮೇಜಿನ ಮೇಲೆ ಒಂದು ಅರ್ಜಿ: ಕುಡಿದು ಬಂದಿಲ್ಲ, ಹೇಳಿದ್ದನ್ನು ಕೇಳುತ್ತೇನೆ, ಪೆಟ್ಟಾದರೆ ಹೊಣೆ ನನ್ನದು. ರುಜು ಹಾಕಿದ ಮೇಲೆ ಇಲ್ಲಿ ಎರಡು ಬಗೆಯ ಪಾಠ ಉಂಟೆಂದು ತಿಳಿಯಿತು. ಒಂದು ಮರದ ಕತ್ತಿ ಮತ್ತು ಧಾರೆಯಿಲ್ಲದ ಕತ್ತಿಯಲ್ಲಿ ಮುಗಿಯುವಂಥದ್ದು. ಇನ್ನೊಂದರಲ್ಲಿ ಕೊನೆಗೆ ನಿಜವಾದ ಕತ್ತಿಯಿಂದ ಚಾಪೆಯ ಸುರುಳಿ ಕಡಿಸುತ್ತಾರೆ. ಎರಡನೆಯದು ತುಟ್ಟಿ. ನಾನು ಅದಕ್ಕೇ ಬಂದಿದ್ದೆ.

ಬಟ್ಟೆ ಬದಲಿಸುವ ಕೋಣೆಯಲ್ಲಿ ದಪ್ಪ ಹತ್ತಿಯ ಅಂಗಿ, ಅದರ ಮೇಲೆ ಸೊಂಟಕ್ಕೆ ಮೂರು ಸುತ್ತು ಬರುವ ಓಬಿ ಪಟ್ಟಿ, ಅದರ ಮೇಲೆ ನೆರಿಗೆಯ ಹಕಾಮಾ. ಮುಂದೆ ಐದು ನೆರಿಗೆ, ಹಿಂದೆ ಎರಡು. ಕಟ್ಟಿಕೊಡಲು ಒಬ್ಬ ಹುಡುಗ ನಿಂತಿದ್ದ. ಅವನ ಕೈ ಎಷ್ಟು ಬಿಗಿ ಎಂದರೆ ಉಸಿರು ತಾನಾಗಿಯೇ ಹೊಟ್ಟೆಗೆ ಇಳಿಯಿತು. ಓಬಿ ಅಷ್ಟು ಬಿಗಿಯಾಗಿರಬೇಕಾದದ್ದು ಚಂದಕ್ಕಲ್ಲ. ಅದರ ಪದರಗಳ ನಡುವೆಯೇ ಕತ್ತಿಯ ಒರೆ ಕೂರುತ್ತದೆ, ಎಡಸೊಂಟಕ್ಕೆ, ಧಾರೆ ಮೇಲ್ಮುಖವಾಗಿ. ಎಡಚರಿಗೆ ಬೇರೆ ಏರ್ಪಾಡಿಲ್ಲ, ಎಲ್ಲರೂ ಬಲಗೈಯಲ್ಲೇ ಸೆಳೆಯಬೇಕು. ನಮ್ಮ ಗುಂಪಿನ ಎಡಚ ಹುಡುಗಿಯೊಬ್ಬಳು ಮುಖ ಸಣ್ಣ ಮಾಡಿದಳು.

ಪಾಠದ ಕೋಣೆ ಬರಿಯ ಮರದ ನೆಲ. ಎದುರು ಗೋಡೆಯ ಎತ್ತರದಲ್ಲಿ ಹಲಗೆ, ಅದರ ಮೇಲೆ ಪುಟ್ಟ ಶಿಂತೋ ಗುಡಿ. ಆ ಕಡೆ ಬಗ್ಗಿ ನಮಸ್ಕಾರ, ಗುರುವಿಗೆ ನಮಸ್ಕಾರ, ಆಮೇಲೆ ಮಂಡಿಯೂರಿ ಕೂತು ನೆಲದ ಮೇಲಿಟ್ಟ ಕತ್ತಿಗೇ ನಮಸ್ಕಾರ. ಗುರು ಐವತ್ತು ದಾಟಿದ ಗಿಡ್ಡ ಆಳು. ಇಂಗ್ಲಿಷ್ ಕಮ್ಮಿ, ಆಡಿದ್ದು ಅರೆಬರೆ ವಾಕ್ಯ, ಉಳಿದದ್ದೆಲ್ಲ ಕೈಯಲ್ಲಿ ತೋರಿಸಿದ್ದು. ಕೂತಾಗ ಕತ್ತಿಯನ್ನು ಬಲಮಗ್ಗುಲಲ್ಲಿ ಇಡಬೇಕೆಂದ. ಅಲ್ಲಿಂದ ಬಲಗೈಯಲ್ಲಿ ಥಟ್ಟನೆ ಸೆಳೆಯಲು ಆಗುವುದಿಲ್ಲ. ನಿನ್ನ ಮೇಲೆ ಕತ್ತಿ ಎತ್ತುವುದಿಲ್ಲ ಎಂದು ಎದುರಿನವನಿಗೆ ಬಾಯಿಬಿಡದೆ ಹೇಳಿದಂತೆ.

ಮೊದಲು ಮರದ ಕತ್ತಿ. ಬಲಗೈ ಮುಂದೆ, ಎಡಗೈ ಹಿಡಿಯ ತುದಿಗೆ, ನಡುವೆ ಒಂದಿಷ್ಟು ಜಾಗ. ಬಿಗಿ ಇರಬೇಕಾದದ್ದು ಕಿರುಬೆರಳು ಮತ್ತು ಉಂಗುರದ ಬೆರಳಿನಲ್ಲಿ. ತೋರುಬೆರಳು ಸುಮ್ಮನೆ ಆತುಕೊಂಡಿರುತ್ತದೆ. ಪಾದ ಎತ್ತುವ ಹಾಗಿಲ್ಲ, ನೆಲಕ್ಕೆ ಸವರಿಕೊಂಡೇ ಸಾಗಬೇಕು. ಎತ್ತಿ, ಇಳಿಸಿ, ಹೊಕ್ಕುಳ ಮಟ್ಟದಲ್ಲಿ ನಿಲ್ಲಿಸಿ. ಇಳಿಸುವುದು ಯಾರಿಗಾದರೂ ಬರುತ್ತದೆ, ನಿಲ್ಲಿಸುವುದು ಕಷ್ಟ. ಈ ಭಾಗ ಬೇಗ ಮುಗಿಯಿತು. ಇನ್ನಷ್ಟು ಹೊತ್ತು ಮಾಡಿಸಬೇಕಿತ್ತು. ಆದರೆ ಮರದ ಕತ್ತಿ ಹಿಡಿದವರು ಫೋಟೊದಲ್ಲಿ ಚೆನ್ನಾಗಿ ಕಾಣುವುದಿಲ್ಲವಲ್ಲ.

ಆಮೇಲೆ ಕೈಗೆ ಬಂದದ್ದು ಅಭ್ಯಾಸದ ಲೋಹದ ಕತ್ತಿ, ಇಯಾಯ್ತೊ. ಉಕ್ಕಲ್ಲ, ಸತು ಮತ್ತು ಅಲ್ಯೂಮಿನಿಯಂ ಬೆರಕೆಯ ಅಲಗು, ಧಾರೆ ಇಲ್ಲ. ಹಿಡಿಗೆ ತೊರಕೆ ಮೀನಿನ ತರಿತರಿ ಚರ್ಮದಂಥ ಹೊದಿಕೆ, ಅದರ ಮೇಲೆ ಅಡ್ಡಡ್ಡ ಸುತ್ತಿದ ನೂಲಿನ ಪಟ್ಟಿ. ನನ್ನ ಕೈಯಲ್ಲಿದ್ದದ್ದು ಮೀನಿನ ಚರ್ಮವೋ ಪ್ಲಾಸ್ಟಿಕ್ಕೋ ಗೊತ್ತಾಗಲಿಲ್ಲ. ಸೆಳೆಯುವುದಕ್ಕೂ ಒಂದು ಕ್ರಮವಿದೆ. ಅಲಗು ಒರೆಯ ಬಾಯಲ್ಲಿ ಬಿಗಿಯಾಗಿ ಕಚ್ಚಿಕೊಂಡಿರುತ್ತದೆ. ಮೊದಲು ಎಡ ಹೆಬ್ಬೆರಳಿನಿಂದ ಕೈಕಾಪಿನ ಬಿಲ್ಲೆಯನ್ನು ನೂಕಿ ಅದನ್ನು ಸಡಿಲ ಮಾಡಬೇಕು. ಬಲಗೈ ಕತ್ತಿಯನ್ನು ಮುಂದಕ್ಕೆ ಒಯ್ಯುವಾಗ ಎಡಗೈ ಒರೆಯನ್ನು ಹಿಂದಕ್ಕೆ ಎಳೆಯಬೇಕು. ಎರಡೂ ಕೈ ಒಟ್ಟಿಗೆ ಕೆಲಸ ಮಾಡದಿದ್ದರೆ ಅಷ್ಟುದ್ದದ ಅಲಗು ಈಚೆ ಬರುವುದೇ ಇಲ್ಲ. ಕಟಾನಾ ಎಂದು ಕರೆಸಿಕೊಳ್ಳಬೇಕಾದರೆ ಅಲಗು ಕಡಿಮೆಯೆಂದರೂ ಎರಡು ಶಾಕು, ಅಂದರೆ 60 ಸೆಂಟಿಮೀಟರಿಗೆ ಸ್ವಲ್ಪ ಮೇಲೆ ಇರಬೇಕು.

ಪಾಠದ ಹೆಚ್ಚಿನ ಹೊತ್ತು ಹೋದದ್ದು ಕತ್ತಿಯನ್ನು ಮರಳಿ ಒರೆಗೆ ಸೇರಿಸುವುದರಲ್ಲಿ. ಇದನ್ನು ನಾನು ನಿರೀಕ್ಷಿಸಿರಲಿಲ್ಲ. ಎಡಗೈಯ ಹೆಬ್ಬೆರಳು ಮತ್ತು ತೋರುಬೆರಳಿನಿಂದ ಒರೆಯ ಬಾಯಿಯನ್ನು ಸುತ್ತಿ ಹಿಡಿಯಬೇಕು. ಆ ಬೆರಳುಗಳ ಸಂದಿಗೆ ಅಲಗಿನ ಬೆನ್ನನ್ನು ತಾಗಿಸಿ, ತುದಿ ಬರುವವರೆಗೆ ಬಲಗೈಯನ್ನು ಮುಂದಕ್ಕೆ ಚಾಚಬೇಕು. ತುದಿ ಬಾಯಿಗೆ ಬಿದ್ದಿತು ಎಂದು ಬೆರಳಿಗೇ ಗೊತ್ತಾಗುತ್ತದೆ. ಆಗ ಒರೆಯನ್ನು ಮುಂದಕ್ಕೂ ಕತ್ತಿಯನ್ನು ಹಿಂದಕ್ಕೂ ತಂದು ನಿಧಾನವಾಗಿ ಕೂರಿಸುವುದು. ಇಷ್ಟೂ ಹೊತ್ತು ಕಣ್ಣು ಎದುರಾಳಿ ಬಿದ್ದ ಜಾಗದ ಮೇಲೆ, ಒರೆಯ ಮೇಲಲ್ಲ. ಗುರು ತನ್ನ ಎಡಗೈ ತೋರಿಸಿದ. ಹೆಬ್ಬೆರಳಿನ ಬುಡದಲ್ಲಿ ಬೆಳ್ಳಗಾದ ಹಳೆಯ ಗಾಯದ ಗೆರೆಗಳಿದ್ದವು. "ಕಡಿಯುವಾಗ ಅಲ್ಲ, ಇಡುವಾಗ" ಎಂದು ನಕ್ಕ. ನಾವೆಲ್ಲ ಬಗ್ಗಿ ನೋಡಿಕೊಂಡೇ ಒರೆಗೆ ಸೇರಿಸಿದೆವು. ಅವನು ಬೈಯಲಿಲ್ಲ.

ನಡುವೆ ನೀರು ಕುಡಿಯಲು ಬಿಟ್ಟಾಗ ಗೋಡೆಗೆ ತೂಗುಹಾಕಿದ್ದ ಇತಿಹಾಸದ ಹಾಳೆಗಳನ್ನು ಓದಿದೆ. ಸಮುರಾಯ್ ಎಂದರೆ ಕತ್ತಿ ಎಂಬಂತೆಯೇ ಬರೆದಿದ್ದರು. ಅದು ಅರ್ಧ ಸತ್ಯ. ಶತಮಾನಗಳ ಕಾಲ ಅವರ ಮುಖ್ಯ ಆಯುಧ ಕುದುರೆಯ ಮೇಲಿನ ಬಿಲ್ಲು, ನಂತರ ಈಟಿ, ಕೊನೆಗೆ ಕೋವಿ. ಕತ್ತಿ ಅಂತಸ್ತಿನ ಗುರುತಾಗಿ ಗಟ್ಟಿಯಾದದ್ದು ದೊಡ್ಡ ಯುದ್ಧಗಳು ನಿಂತ ಎದೊ ಕಾಲದಲ್ಲಿ. ಅದಕ್ಕೂ ಮೊದಲು, 1588ರಲ್ಲಿ, ರೈತರ ಮನೆಗಳಿಂದ ಆಯುಧ ಕಿತ್ತುಕೊಳ್ಳುವ ಆಜ್ಞೆ ಹೊರಟಿತ್ತು. ಆ ಕಬ್ಬಿಣ ಇದೇ ಕ್ಯೋಟೊದಲ್ಲಿ ಕಟ್ಟುವ ಮಹಾಬುದ್ಧನಿಗೆ ಮೊಳೆ, ಅಗುಳಿಯಾಗಿ ಬಳಕೆಯಾಗುತ್ತದೆ, ಕೊಟ್ಟವರಿಗೆ ಪುಣ್ಯ ಬರುತ್ತದೆ ಎಂದು ಆಜ್ಞೆಯಲ್ಲೇ ಹೇಳಿತ್ತು. ಜಾಣ ಆಜ್ಞೆ! 1876ರಲ್ಲಿ ಸಮುರಾಯ್‌ಗಳೂ ಕತ್ತಿ ಕಟ್ಟಿಕೊಂಡು ಬೀದಿಯಲ್ಲಿ ತಿರುಗುವಂತಿಲ್ಲ ಎಂದಾಯಿತು.

ಕಡೆಗೆ ಹಿತ್ತಲ ಕಡೆಯ ಕೋಣೆ. ಬಾಗಿಲು ತೆರೆದೊಡನೆ ಒದ್ದೆ ಹುಲ್ಲಿನ ವಾಸನೆ. ತತಾಮಿ ನೆಲಹಾಸಿನ ಮೇಲ್ಪದರದ ಜೊಂಡಿನ ಚಾಪೆಯನ್ನು ಸುರುಳಿ ಸುತ್ತಿ, ಕಟ್ಟಿ, ನೀರಿನಲ್ಲಿ ನೆನೆಹಾಕಿರುತ್ತಾರೆ. ಮರದ ಪೀಠದ ಗೂಟಕ್ಕೆ ಸುರುಳಿಯನ್ನು ಚುಚ್ಚಿ ನಿಲ್ಲಿಸಿದಾಗ ನೀರು ಇನ್ನೂ ತೊಟ್ಟಿಕ್ಕುತ್ತಿತ್ತು. ಕಡಿಯುವಾಗ ಮಾಂಸದಷ್ಟೇ ತಡೆ ಕೊಡುತ್ತದೆ ಎಂದು ಗುರು ವಿವರಿಸಿದ. ಎದೊ ಕಾಲದಲ್ಲಿ ಸುರುಳಿಯ ಜಾಗದಲ್ಲಿ ಮರಣದಂಡನೆಯಾದವರ ಹೆಣ ಇರುತ್ತಿತ್ತು. ಎಷ್ಟು ಹೆಣ ಕಡಿಯಿತು ಎಂಬುದನ್ನು ಹಿಡಿಯೊಳಗೆ ಅಡಗುವ ಅಲಗಿನ ಬುಡದಲ್ಲಿ ಚಿನ್ನದಕ್ಷರದಲ್ಲಿ ಕೆತ್ತಿಸಿದ ಕತ್ತಿಗಳು ಇಂದಿಗೂ ಉಳಿದಿವೆ. ಇದನ್ನು ಗುರು ಹೇಳಲಿಲ್ಲ, ಗೋಡೆಯ ಹಾಳೆಗಳಲ್ಲೂ ಇರಲಿಲ್ಲ. ನನಗೆ ನೆನಪಾದದ್ದು ಕೊಡಗು. ಅಲ್ಲಿ ಮದುವೆ ಮನೆಯ ಮುಂದೆ ನೆಟ್ಟ ಬಾಳೆದಿಂಡನ್ನು ಒಡಿಕತ್ತಿಯಿಂದ ಒಂದೇ ಏಟಿಗೆ ಕಡಿಯುತ್ತಾರೆ. ಸುತ್ತ ನಿಂತವರು ಏಟು ಹೇಗೆ ಬಿತ್ತು ಎಂದು ನೋಡುವ ನೋಟ ಇಲ್ಲಿಯೂ ಅದೇ ಇತ್ತು.

ನಿಜವಾದ ಕತ್ತಿಯನ್ನು ಕೈಗೆ ಕೊಡುವ ಮೊದಲು ಗುರು ಒಂದು ಚೀಟಿ ತೋರಿಸಿದ. ಜಪಾನಿನಲ್ಲಿ ಪರವಾನಗಿ ಕತ್ತಿಗೆ, ಮನುಷ್ಯನಿಗಲ್ಲ. ಅಲಗಿನ ಉದ್ದ, ಬಾಗು, ಬುಡದ ತೂತುಗಳ ಸಂಖ್ಯೆ, ಕೆತ್ತಿದ ಹೆಸರು ಎಲ್ಲ ಆ ಚೀಟಿಯಲ್ಲಿವೆ. ಮಾಲೀಕ ಬದಲಾದರೂ ಚೀಟಿ ಕತ್ತಿಯ ಜೊತೆಗೇ ಹೋಗುತ್ತದೆ. ಇದನ್ನು ಕೊಡುವುದು ಪೊಲೀಸರಲ್ಲ, ಪ್ರಾಂತ್ಯದ ಶಿಕ್ಷಣ ಇಲಾಖೆ. ಕಾನೂನಿನ ಕಣ್ಣಿಗೆ ಅದು ಕಲಾಕೃತಿ.

ಒಬ್ಬೊಬ್ಬರನ್ನೇ ಕರೆದರು, ಉಳಿದವರು ಗೋಡೆಗೆ ಒತ್ತಿ ನಿಂತರು. ಕತ್ತಿ ಸುಮಾರು ಒಂದು ಕಿಲೋ ಇರಬಹುದು. ಅಭ್ಯಾಸದ ಕತ್ತಿಗಿಂತ ಇದರ ಭಾರ ತುದಿಯ ಕಡೆ ಹೆಚ್ಚು ಅನ್ನಿಸಿತು. ಬಲಭುಜದ ಮೇಲಿಂದ ಎಡಕ್ಕೆ ಓರೆಯಾಗಿ ಇಳಿಸಬೇಕು. ಗುರು ಗಾಳಿಯಲ್ಲಿ ಬೀಸಿದಾಗ ಅಲಗಿನ ಬೆನ್ನಿನ ಪಕ್ಕದ ಕಾಲುವೆಯಿಂದ ಸುಯ್ ಎಂದು ಸದ್ದು ಬಂತು. ಧಾರೆ ಮತ್ತು ಬೀಸು ಒಂದೇ ಗೆರೆಯಲ್ಲಿದ್ದರೆ ಆ ಸದ್ದು ಚೊಕ್ಕವಾಗಿ ಬರುತ್ತದೆ. ನಾನು ಇಳಿಸಿದೆ. ಸುರುಳಿಯ ಮೇಲ್ತುಂಡು ಒಂದು ಕ್ಷಣ ಅಲ್ಲೇ ಕೂತಿದ್ದು ಆಮೇಲೆ ಜಾರಿ ಬಿತ್ತು. ಕೈಗೆ ಏನೂ ತಾಗಿದಂತೆಯೇ ಇರಲಿಲ್ಲ, ಗುರಿ ತಪ್ಪಿತೆಂದೇ ಅಂದುಕೊಂಡಿದ್ದೆ. ಎಲ್ಲರೂ ಚಪ್ಪಾಳೆ ತಟ್ಟಿದರು.

ಗುರು ತಟ್ಟಲಿಲ್ಲ. ತುಂಡನ್ನು ಎತ್ತಿ ಕಡಿದ ಮುಖವನ್ನು ಬೆಳಕಿಗೆ ಹಿಡಿದ. ಅರ್ಧದವರೆಗೆ ಜೊಂಡಿನ ತುದಿಗಳೆಲ್ಲ ಒಂದೇ ಸಮ. ಅಲ್ಲಿಂದ ಮುಂದೆ ಕಡಿತ ಒಳಕ್ಕೆ ತಗ್ಗಾಗಿ ಬಾಗಿತ್ತು, ಕೊನೆಯ ಪದರದಲ್ಲಿ ಎಳೆಗಳು ಹರಿದಿದ್ದವು. ನಡುವೆ ಮಣಿಕಟ್ಟು ತಿರುಗಿದೆ ಎಂದು ತನ್ನ ಮಣಿಕಟ್ಟು ತಿರುಗಿಸಿ ತೋರಿಸಿದ. ಅಲ್ಲಿಯವರೆಗಿನ ವೇಷ, ನಮಸ್ಕಾರ, ಬಾಗಿಲ ಗೊಂಬೆ ಎಲ್ಲ ಪ್ರವಾಸಿಗಳಿಗೆಂದು ಹೂಡಿದ ಆಟ ಇದ್ದರೂ ಇರಬಹುದು. ಈ ತುಂಡಿನ ಮುಖ ಮಾತ್ರ ಯಾರ ಮುಲಾಜಿಗೂ ಬೀಳುವಂಥದ್ದಲ್ಲ. ನನ್ನ ನಂತರ ಬಂದ ಎಡಚ ಹುಡುಗಿಯ ಕಡಿತ ನನ್ನದಕ್ಕಿಂತ ನೇರವಾಗಿತ್ತು. ಎಡಗೈಯೇ ಕತ್ತಿಯನ್ನು ನಡೆಸುವುದು, ಬಲಗೈ ದಾರಿ ತೋರಿಸುವುದಷ್ಟೆ ಎಂದು ಗುರು ಮೊದಲೇ ಹೇಳಿದ್ದ. ಅದೇ ಕಾರಣವಿರಬಹುದು, ಇಲ್ಲದೆಯೂ ಇರಬಹುದು.

ಆಮೇಲೆ ಫೋಟೊ. ಕಡಿಯುವುದಕ್ಕಿಂತ ಹೆಚ್ಚು ಹೊತ್ತು ಹಿಡಿದದ್ದು ಇದೇ. ಹೆಸರು ಬರೆದ ಪ್ರಮಾಣಪತ್ರವನ್ನೂ ಕೊಟ್ಟರು, ಅದರ ಬೆಲೆ ಎಲ್ಲರಿಗೂ ಗೊತ್ತು. ಹೊರಬರುವ ದಾರಿಯಲ್ಲಿ ಅಲಂಕಾರದ ಕತ್ತಿಗಳ ಅಂಗಡಿ. ಕೊಳ್ಳುವವರು ಒಂದು ವಿಷಯ ತಿಳಿದಿರಲಿ: ಲೋಹದ ನಕಲಿ ಕತ್ತಿಯನ್ನೂ ಕಾರಣವಿಲ್ಲದೆ ಹಿಡಿದು ಓಡಾಡುವುದು ಅಲ್ಲಿ ಕಾನೂನಿಗೆ ವಿರುದ್ಧ. ಭದ್ರವಾಗಿ ಸುತ್ತಿಸಿಕೊಂಡೇ ಒಯ್ಯಬೇಕು. ಪಾಠಕ್ಕೆ ಹೋಗುವವರು ದುಡ್ಡು ಕಟ್ಟುವ ಮೊದಲು ಕೇಳಬೇಕಾದದ್ದು ಎರಡು. ಕಡಿಸುವುದು ನಿಜವಾದ ಕತ್ತಿಯಿಂದಲೋ ಅಲ್ಲವೋ. ಒಬ್ಬ ಗುರುವಿಗೆ ಎಷ್ಟು ಮಂದಿ. ಮಂಡಿ ನೋವಿದ್ದವರು ಕೂರುವ ವಿಚಾರವನ್ನೂ ಮೊದಲೇ ಹೇಳಿಬಿಟ್ಟರೆ ಸ್ಟೂಲು ಕೊಡುತ್ತಾರೆ. ನಮ್ಮ ಗುಂಪಿನ ಹಿರಿಯರೊಬ್ಬರಿಗೆ ಕೇಳುವ ಮೊದಲೇ ತಂದಿಟ್ಟಿದ್ದರು.