ಬುಸುಗುಡೋ ಜಿರಳೆಯ ಮನೆ ಕ್ಲೀನಿಂಗ್

ಜಿರಳೆ ಕಂಡ್ರೆ ಚಪ್ಪಲಿ ಹುಡುಕೋರೇ ಜಾಸ್ತಿ. ಆದ್ರೆ ಈ ಬುಸುಗುಡೋ ಜಿರಳೆಯನ್ನ ಕೆಲವರು ಪ್ರೀತಿಯಿಂದ ಸಾಕ್ತಾರೆ! ಮಡಗಾಸ್ಕರ್ ದ್ವೀಪದ್ದು. ರೆಕ್ಕೆ ಇಲ್ಲ. ಮುಟ್ಟಿದ್ರೆ ಹೊಟ್ಟೆ ಪಕ್ಕದ ಉಸಿರುರಂಧ್ರದಿಂದ ಗಾಳಿ ನೂಕಿ ‘ಬುಸ್ಸ್’ ಅನ್ನುತ್ತೆ.

ಇದನ್ನ ಸಾಕೋ ಪೆಟ್ಟಿಗೆ ಗಬ್ಬು ನಾರೋದಕ್ಕೆ ಜಿರಳೆಗಿಂತ ನಾವು ಹಾಕೋ ಊಟವೇ ಕಾರಣ. ರಾತ್ರಿ ಇಟ್ಟ ಬಾಳೆಹಣ್ಣಿನ ಚೂರು ಬೆಳಿಗ್ಗೆ ಉಳಿದಿದ್ರೆ ತೆಗೀರಿ. ಬಿಟ್ರೆ ಬೂಷ್ಟು, ನುಸಿ, ಹಣ್ಣಿನ ನೊಣ. ಬಟ್ಟಲಲ್ಲಿ ನೀರು ಬೇಡ, ಮರಿಗಳು ಮುಳುಗ್ತವೆ. ಒದ್ದೆ ಸ್ಪಂಜ್ ಇಡಿ, ಅದನ್ನೂ ಆಗಾಗ ಬದಲಿಸಿ.

ಕೆಳಗೆ ಕಪ್ಪಗೆ ಕಾಳುಕಾಳಾಗಿ ಬಿದ್ದಿರೋದು ಹಿಕ್ಕೆ. ಒಣಗಿದ್ರೆ ಅವಸರ ಇಲ್ಲ. ಆದ್ರೆ ಗುಡಿಸುವಾಗ ಮಾಸ್ಕ್ ಹಾಕಿ. ಆ ದೂಳು ಕೆಲವರಿಗೆ ಅಲರ್ಜಿ, ಉಬ್ಬಸ ತರುತ್ತೆ. ಅಡಗೋಕೆ ಇಟ್ಟ ಮೊಟ್ಟೆ ಟ್ರೇ ಒದ್ದೆಯಾದ್ರೆ ಎಸೀರಿ. ಎಸೆಯೋ ಮುಂಚೆ ಪೆಟ್ಟಿಗೆಯೊಳಗೇ ಕೊಡವಿ, ಸಂದಿಯಲ್ಲಿ ಮರಿಗಳಿರ್ತವೆ!

ಹಾಲಿನಷ್ಟು ಬಿಳಿ ಜಿರಳೆ ಕಂಡ್ತಾ? ಕಾಯಿಲೆ ಅಲ್ಲ, ಈಗಷ್ಟೇ ಪೊರೆ ಬಿಟ್ಟಿದೆ. ಮೈ ಮೆತ್ತಗಿರುತ್ತೆ, ಮುಟ್ಟಬೇಡಿ. ಪೊರೆಯನ್ನೂ ತೆಗೀಬೇಡಿ, ಸಾಮಾನ್ಯವಾಗಿ ಅದೇ ತಿಂದು ಮುಗಿಸುತ್ತೆ.

ಫಿನಾಯಿಲ್, ಸ್ಪ್ರೇ ಹತ್ತಿರವೂ ತರಬೇಡಿ. ಪೆಟ್ಟಿಗೆಯನ್ನ ಬಿಸಿನೀರಲ್ಲಿ ತೊಳೆದು, ಚೆನ್ನಾಗಿ ಒಣಗಿಸಿದ್ರೆ ಸಾಕು.

ಕೊನೆಗೆ ಒಳಗಿನ ಅಂಚಿಗೆ ಎರಡು ಬೆರಳಗಲ ವ್ಯಾಸಲೀನ್ ಸವರಿ. ಇಲ್ಲಾಂದ್ರೆ ಇವು ಗಾಜಿನ ಗೋಡೆಯನ್ನೂ ಸಲೀಸಾಗಿ ಹತ್ತಿ ಹೊರಗೆ ಬರ್ತವೆ.