ಆ್ಯಸಿಡಿಟಿ ಮಾತ್ರೆ ಮತ್ತು ಒಂದು ಅಂಕಿ

ಅಮೆರಿಕದ ಆಸ್ಪತ್ರೆ ದಾಖಲೆಗಳಿಗೆ ಬೆಂಗಳೂರಲ್ಲಿ ಕೂತು ಕೋಡ್ ಹಾಕೋರು ತುಂಬಾ ಜನ ಇದ್ದಾರೆ. ಅವರು ಬಳಸೋ ಒಂದೇ ಒಂದು ಕೋಡ್ ಇವತ್ತು ಬಿಡಿಸಿ ನೋಡೋಣ: ಟಿ47.0ಎಕ್ಸ್1ಎ.

2015ರ ಅಕ್ಟೋಬರ್‌ನಿಂದ ಅಲ್ಲಿ ಐಸಿಡಿ-10-ಸಿಎಂ ಪಟ್ಟಿ ಜಾರಿಯಲ್ಲಿದೆ. ಅದರಲ್ಲಿ ಟಿ47.0 ಅಂದ್ರೆ ಹೊಟ್ಟೆಯ ಆಮ್ಲ ತಗ್ಗಿಸೋ, ಫ್ಯಾಮೊಟಿಡಿನ್ ಥರದ ಮಾತ್ರೆಗಳು. 'ಎಕ್ಸ್' ಬರೀ ಖಾಲಿ ಜಾಗ ತುಂಬೋಕೆ. 'ಎ' ಅಂದ್ರೆ ಚಿಕಿತ್ಸೆ ಇನ್ನೂ ನಡೀತಿದೆ.

ಅಸಲಿ ವಿಷಯ ಇರೋದು ಆ '1'ರಲ್ಲಿ. 1 ಅಂದ್ರೆ ಆಕಸ್ಮಿಕ. ಮಗು ಡಬ್ಬಿ ತೆಗೆದು ನುಂಗಿದ್ರೆ ಇದು. 2 ಅಂದ್ರೆ ತನಗೆ ತಾನೇ ಹಾನಿ ಮಾಡ್ಕೊಳ್ಳೋಕೆ ನುಂಗಿದ್ದು. 5 ಅಂದ್ರೆ ಡಾಕ್ಟರ್ ಹೇಳಿದ ಹಾಗೇ ತಗೊಂಡ್ರೂ ಅಡ್ಡಪರಿಣಾಮ ಆಗಿದ್ದು. ಅದನ್ನ ವಿಷಪ್ರಾಶನ ಅಂತ ಲೆಕ್ಕ ಹಾಕಲ್ಲ.

ಉದ್ದೇಶ ಏನಂತ ದಾಖಲೆಯಲ್ಲಿ ಬರೆದೇ ಇಲ್ಲ ಅಂದ್ರೆ? ನಿಯಮದ ಪ್ರಕಾರ 1 ಹಾಕ್ಬೇಕು. ಉದ್ದೇಶ ನಿರ್ಧರಿಸೋಕಾಗಲ್ಲ ಅನ್ನೋ 4 ಇದೆ. ಆದ್ರೆ ದಾಖಲೆಯಲ್ಲಿ ಹಾಗಂತಲೇ ಬರೆದಿರಬೇಕು. ಕೋಡರ್ ಊಹೆ ಮಾಡೋ ಹಾಗಿಲ್ಲ.

ಕಾಮರ್ಸ್ ಓದಿದ ನನಗೆ ಲೆಕ್ಕ ಅಂದ್ರೆ ನಂಬಿಕೆ. ಆದ್ರೂ ಇದು ಕಾಡುತ್ತೆ: ಬರೆಯದೆ ಬಿಟ್ಟ ಒಂದು ಸಾಲಿನಿಂದ, ನೆರವು ಬೇಕಿದ್ದವರೊಬ್ಬರು ಅಂಕಿಅಂಶದಲ್ಲಿ 'ಆಕಸ್ಮಿಕ' ಆಗಿಬಿಡಬಹುದು.